ಬಾಗಿದರೆ ಕ್ರುಮ್‌ಕಾಕೆ, ಬಾಗದಿದ್ದರೆ ಪುಡಿ

ತಿಂಡಿಗೆ ಹೆಸರಿಡುವಾಗ ನಾರ್ವೆಯವರು ಹೆಚ್ಚು ತಲೆ ಕೆಡಿಸಿಕೊಂಡಂತೆ ಕಾಣುವುದಿಲ್ಲ. ಕ್ರುಮ್ ಅಂದರೆ ಬಾಗಿದ್ದು, ಕಾಕೆ ಅಂದರೆ ಕೇಕು. ಎರಡೂ ಸೇರಿ ಕ್ರುಮ್‌ಕಾಕೆ. ಒಂದಕ್ಕಿಂತ ಹೆಚ್ಚಿದ್ದರೆ ಕ್ರುಮ್‌ಕಾಕರ್. ಸುರಿದ ಬೆಣ್ಣೆಯ ಸುದ್ದಿ ಹೆಸರಿನಲ್ಲಿಲ್ಲ, ಏಲಕ್ಕಿಯ ಘಮದ ಮಾತಿಲ್ಲ, ಮೈಮೇಲಿನ ಹೂಬಳ್ಳಿಯ ಚಿತ್ತಾರಕ್ಕೆ ಒಂದು ಶಹಬ್ಬಾಸ್ ಕೂಡ ಇಲ್ಲ. ಬಾಗಿದೆ, ಅಷ್ಟೇ. ಆದರೆ ಮಾಡಲು ನಿಂತವರಿಗೆ ಅರ್ಧ ಗಂಟೆಯೊಳಗೆ ಗೊತ್ತಾಗುತ್ತದೆ, ಹೆಸರಿಟ್ಟವರು ಕೈ ಸುಟ್ಟುಕೊಂಡು ಪಳಗಿದವರೇ ಎಂದು. ಮಿಕ್ಕ ಕೆಲಸವೆಲ್ಲ ಹೇಗೋ ನಡೆದುಹೋಗುತ್ತದೆ. ಬಾಗಿಸುವ ಹತ್ತು ಸೆಕೆಂಡಿನಲ್ಲಿ ಮಾತ್ರ ಯಾವ ದೇವರೂ ಅಡ್ಡ ಬರುವುದಿಲ್ಲ.

ನೋಡಲು ಇದು ಅಂಗೈಯಗಲದ, ಕಾಗದದಷ್ಟು ತೆಳುವಾದ ಗರಿಗರಿ ಬಿಲ್ಲೆ, ಶಂಕುವಿನಾಕಾರಕ್ಕೆ ಸುತ್ತಿದ್ದು. ಐಸ್‌ಕ್ರೀಮ್ ಕೋನಿನ ಹತ್ತಿರದ ನೆಂಟ. ದಾಯಾದಿಗಳು ಯುರೋಪಿನ ತುಂಬ ಇದ್ದಾರೆ. ಇಟಲಿಯಲ್ಲಿ ಪಿಟ್ಸೆಲ್ಲೆ, ಚೆಕ್ ನಾಡಿನ ಕಾರ್ಲೊವಿ ವಾರಿಯಲ್ಲಿ ಒಪ್ಲಾಟ್ಕಿ. ಎಲ್ಲವೂ ಕೆತ್ತನೆಯ ಎರಡು ಲೋಹದ ತಟ್ಟೆಗಳ ನಡುವೆ ಸಿಕ್ಕಿ ಬೇಯುವಂಥವೇ. ನೆದರ್ಲೆಂಡ್ಸಿನ ಈಶಾನ್ಯ ಭಾಗದವರು ತಮ್ಮ ಕ್ನೀಪರ್ತಿಯೆಗೆ ಹೆಸರಿಟ್ಟಿದ್ದು ಅಚ್ಚು ಅದುಮುವ ಕೆಲಸದ ಮೇಲೆ. ಅವರ ಲೆಕ್ಕಾಚಾರ ಇನ್ನೂ ಚೆಂದ. ಡಿಸೆಂಬರಿನಲ್ಲಿ ಅದನ್ನು ಚಪ್ಪಟೆಯಾಗಿಯೇ ತಿನ್ನುತ್ತಾರೆ, ಕಳೆದ ವರ್ಷವೆಲ್ಲ ಬಿಚ್ಚಿಕೊಂಡು ಎದುರಿಗೇ ಇದೆಯಲ್ಲ ಎಂದು. ಹೊಸ ವರ್ಷಕ್ಕೆ ಸುರುಳಿ ಸುತ್ತುತ್ತಾರೆ, ಒಳಗೇನಿದೆಯೋ ಯಾರಿಗೆ ಗೊತ್ತು ಎಂದು. ಸುತ್ತಲು ಹೋಗಿ ಮುರಿದರೆ ಆ ವರ್ಷದ ಭವಿಷ್ಯ ಏನೆಂದು ಕೇಳಬೇಡಿ.

ನಾರ್ವೆಯಲ್ಲಿ ಇದು ಕ್ರಿಸ್‌ಮಸ್ಸಿನ ತಿಂಡಿ. ಹಬ್ಬಕ್ಕೆ ಮನೆಯಲ್ಲಿ ಏಳು ಬಗೆ ಬೇಯಿಸಿಡಬೇಕು ಎಂಬುದು ಅಲ್ಲಿನ ಹಳೆಯ ಕಟ್ಟಳೆ. ನಮ್ಮ ಮಂಗಳೂರಿನ ಕ್ರೈಸ್ತರ ಮನೆಗಳಲ್ಲಿ ಅದೇ ಹೊತ್ತಿಗೆ ಕುಸ್ವಾರ್ ತಟ್ಟೆ ತುಂಬುತ್ತದಲ್ಲ, ಅದಕ್ಕೆ ಸಮ. ಆ ತಟ್ಟೆಯಲ್ಲಿರುವ, ಅಚ್ಚನ್ನು ಹಿಟ್ಟಿನಲ್ಲಿ ಅದ್ದಿ ಕಾದ ಎಣ್ಣೆಗೆ ಇಳಿಸುವ ರೋಸ್ ಕುಕೀಸ್, ನಾರ್ವೆಯವರಲ್ಲೂ ರೋಸೆಟ್‌ಬಕ್ಕೆಲ್ಸ್ ಎಂಬ ಹೆಸರಿನಲ್ಲಿದೆ.

ಏಳು ಯಾವುವು ಎಂಬುದು ಮನೆಮನೆಗೆ ಬೇರೆ, ಹಾಗಾಗಿ ಪ್ರತಿ ವರ್ಷ ಜಗಳಕ್ಕೂ ಬರವಿಲ್ಲ. ಕ್ರುಮ್‌ಕಾಕೆಯ ಜೊತೆಗೆ ಸಾಮಾನ್ಯವಾಗಿ ಕಾಣುವುದು ಗೋರೋ, ಸಾಂಡ್‌ಕಾಕೆ, ಫತ್ತಿಗ್‌ಮನ್, ಬರ್ಲಿನರ್‌ಕ್ರಾನ್ಸ್. ಫತ್ತಿಗ್‌ಮನ್ ಅಂದರೆ ಬಡವ. ಒಳಗೆ ಮಾತ್ರ ಮೊಟ್ಟೆಯ ಹಳದಿ, ಕೆನೆ, ಬ್ರಾಂದಿ. ‘ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೂ ತತ್ವಾರ’ ಅನ್ನುತ್ತೇವಲ್ಲ, ಇದು ಅದರ ತಿರುಗುಮುರುಗು. ಗೋರೋ ಕೂಡ ಅಚ್ಚಿನಲ್ಲೇ ಬೇಯುವುದು, ಆದರೆ ಆಯತಾಕಾರ. ಮುಖ್ಯವಾಗಿ, ಚಪ್ಪಟೆ. ಅಂಚು ಕತ್ತರಿಸಿ ಇಟ್ಟರೆ ಮುಗಿಯಿತು, ಬಾಗಿಸುವ ತಾಪತ್ರಯವೇ ಇಲ್ಲ. ಬುದ್ಧಿವಂತರು ಗೋರೋ ಮಾಡುತ್ತಾರೆ.

ಉಳಿದವರಿಗಾಗಿ ಅಳತೆ ಇಲ್ಲಿದೆ. 4 ಮೊಟ್ಟೆ, 200 ಗ್ರಾಂ ಸಕ್ಕರೆ, 200 ಗ್ರಾಂ ಬೆಣ್ಣೆ, 200 ಗ್ರಾಂ ಮೈದಾ, ಒಂದು ಚಮಚೆ ಆಗ ತಾನೇ ಕುಟ್ಟಿದ ಏಲಕ್ಕಿ ಪುಡಿ. ಸಿಪ್ಪೆ ತೆಗೆದ ನಾಲ್ಕು ಮೊಟ್ಟೆಯೂ ಸುಮಾರು 200 ಗ್ರಾಂ ತೂಗುವುದರಿಂದ ಎಲ್ಲವೂ ಸಮಸಮ, ಚೀಟಿ ಬರೆದುಕೊಳ್ಳುವ ಅಗತ್ಯವಿಲ್ಲ. ಮೈದಾದಲ್ಲಿ 50 ಗ್ರಾಂ ಕಡಿಮೆ ಮಾಡಿ ಅಷ್ಟೇ ಆಲೂಗಡ್ಡೆ ಪಿಷ್ಟ ಸೇರಿಸಿದರೆ ಬಿಲ್ಲೆ ಇನ್ನಷ್ಟು ಗರಿಗರಿ. ಮೈದಾವನ್ನು ಜಿಗುಟಾಗಿಸುವ ಗ್ಲೂಟನ್ ಆ ಪಿಷ್ಟದಲ್ಲಿ ಇಲ್ಲ, ಹಾಗಾಗಿ ಹಿಟ್ಟು ಅಷ್ಟಾಗಿ ನಾರಾಗುವುದಿಲ್ಲ. ನಮ್ಮಲ್ಲಿ ಸಿಗುವ ಕಾರ್ನ್‌ಫ್ಲೋರ್ ಕೂಡ ಆ ಕೆಲಸ ಮಾಡುತ್ತದೆ. ಏಲಕ್ಕಿಯ ವಿಷಯದಲ್ಲಿ ಜಿಪುಣತನ ಬೇಡ. ಪಶ್ಚಿಮ ಘಟ್ಟದ ಕಾಡಿನ ಈ ಗಿಡದ ಕಾಯಿ ಅಲ್ಲಿನ ಚಳಿನಾಡಿನ ಹಬ್ಬದಡುಗೆಗೆ ಅಂಟಿಕೊಂಡು ಎಷ್ಟೋ ಕಾಲವಾಯಿತು. ಈಗ ಲೋಕದ ಮಾರುಕಟ್ಟೆಗೆ ಹೆಚ್ಚಾಗಿ ಗ್ವಾಟೆಮಾಲಾದಿಂದ ಹೋಗುತ್ತದೆ ಅನ್ನುವುದನ್ನು ಕೊಡಗು, ಸಕಲೇಶಪುರದ ಕಡೆಯ ಓದುಗರು ಹಲ್ಲು ಕಚ್ಚಿ ಸಹಿಸಿಕೊಳ್ಳಬೇಕು.

ಮೊಟ್ಟೆ ಸಕ್ಕರೆ ನೊರೆಯೇಳುವಂತೆ ಕಡೆದು, ಕರಗಿಸಿ ಆರಿಸಿದ ಬೆಣ್ಣೆ ಹಾಕಿ, ಕೊನೆಗೆ ಹಿಟ್ಟು ಮತ್ತು ಏಲಕ್ಕಿ. ‘ಆರಿಸಿದ’ ಎಂಬ ಪದವನ್ನು ಅವಸರದವರು ಹಾರಿಸಿ ಓದುತ್ತಾರೆ. ಕುದಿಬೆಣ್ಣೆ ಸುರಿದರೆ ಮೊಟ್ಟೆ ಅಲ್ಲೇ ಬೆಂದು ಎಳೆಎಳೆಯಾಗಿ, ಸಿಹಿಯಾದ ಬುರ್ಜಿ ತಯಾರಾಗುತ್ತದೆ. ಹಾಗೆಂದು ಫ್ರಿಜ್ಜಿನಿಂದ ಆಗ ತಾನೇ ತೆಗೆದ ಮೊಟ್ಟೆ ಒಡೆದರೆ ಬೆಣ್ಣೆ ಗಡ್ಡೆ ಕಟ್ಟಿ, ಹಿಟ್ಟಿನಲ್ಲಿ ಹಳದಿ ಕಾಳು ತೇಲುತ್ತದೆ. ಎರಡೂ ಅಡುಗೆಮನೆಯ ಶಾಖದಲ್ಲೇ ಇರಲಿ. ಕಲಸಿದ ಮೇಲೆ ಅರ್ಧ ಗಂಟೆ ಮುಟ್ಟಬೇಡಿ. ಮೈದಾ ನೀರು ಕುಡಿದು ಹಿಟ್ಟು ಹದಕ್ಕೆ ಬರಬೇಕು, ಚಮಚೆಯಿಂದ ಅಗಲ ಪಟ್ಟಿಯಂತೆ ಇಳಿಯಬೇಕು.

ಆ ಹದ ಕೊನೆಯವರೆಗೂ ಹಾಗೇ ಇರುತ್ತದೆ ಎಂದು ನಂಬಿದವರು ಕೆಟ್ಟರು. ಬೆಣ್ಣೆ ತಣ್ಣಗಾದಂತೆ ಹಿಟ್ಟು ಬಿಗಿಯುತ್ತ ಹೋಗುತ್ತದೆ. ಇಪ್ಪತ್ತನೆಯ ಬಿಲ್ಲೆಯ ಹೊತ್ತಿಗೆ ಮೊದಲಿನದಕ್ಕಿಂತ ಎರಡರಷ್ಟು ದಪ್ಪ. ಮಾಡುವವರು ಅಚ್ಚನ್ನು ಬೈಯುತ್ತಾರೆ, ಒಲೆಯನ್ನು ಬೈಯುತ್ತಾರೆ. ಒಂದು ದೊಡ್ಡ ಚಮಚೆ ಬೆಚ್ಚನೆಯ ನೀರು ಬೆರೆಸಿ ನೋಡಿ.

ಅಚ್ಚಿನ ವಿಷಯಕ್ಕೆ ಬರೋಣ. ಹಿಂದೆ ಉದ್ದ ಹಿಡಿಯ ಅಚ್ಚನ್ನು ಬೆಂಕಿಯ ಮೇಲೆ ಹಿಡಿದು ಬೇಯಿಸುತ್ತಿದ್ದರು. ಆಮೇಲೆ ಒಲೆಯ ಮೇಲೆ ಕೂರುವ ಬಳೆ, ಅದರೊಳಗೆ ತಿರುಗುವ ಅಚ್ಚು ಬಂತು. ಈಗ ಕರೆಂಟಿನದು. 1825ರಿಂದ ನೂರು ವರ್ಷಗಳಲ್ಲಿ ಸುಮಾರು 8 ಲಕ್ಷ ನಾರ್ವೇಜಿಯನ್ನರು ಉತ್ತರ ಅಮೆರಿಕಕ್ಕೆ ವಲಸೆ ಹೋದಾಗ ತಿಂಡಿಯೂ ಅವರ ಜೊತೆ ಹಡಗು ಹತ್ತಿತು. 1946ರಲ್ಲಿ ಮಿನಿಯಾಪೊಲಿಸ್‌ನಲ್ಲಿ ಶುರುವಾದ ನಾರ್ಡಿಕ್ ವೇರ್ ಕಂಪನಿಯ ಮೊದಮೊದಲ ಸರಕುಗಳಲ್ಲಿ ಕ್ರುಮ್‌ಕಾಕೆ ಅಚ್ಚೂ ಒಂದು. ತೊಂದರೆ ಏನೆಂದರೆ, ಇಂಗ್ಲಿಷ್ ಕಿವಿಗೆ ಈ ಹೆಸರು ‘ಕ್ರಂಬ್ ಕೇಕ್’ ಎಂದು ಕೇಳಿಸುತ್ತದೆ, ಅಂದರೆ ಪುಡಿಪುಡಿ ಕೇಕು. ವ್ಯುತ್ಪತ್ತಿ ಶುದ್ಧ ತಪ್ಪು. ಆದರೆ ಮೊದಲ ಸಲ ಮಾಡಿದವರ ತಟ್ಟೆ ನೋಡಿದರೆ ತಪ್ಪೆನ್ನಲು ಬಾಯಿ ಬರುವುದಿಲ್ಲ.

ಅಚ್ಚು ಚೆನ್ನಾಗಿ ಕಾದಿರಬೇಕು. ನೀರಿನ ಹನಿ ಬಿದ್ದರೆ ಕುಣಿದು ಆರಬೇಕು. ಒಲೆಯ ಮೇಲಿನ ಅಚ್ಚಾದರೆ ಎರಡೂ ಮಗ್ಗುಲು ಕಾಯಿಸಿ, ಇಲ್ಲದಿದ್ದರೆ ಬಿಲ್ಲೆಯ ಒಂದು ಮುಖ ಕಂದು, ಇನ್ನೊಂದು ಬಿಳಿಚು. ಮೊದಲ ಬಾರಿಗೆ ಮಾತ್ರ ತೆಳ್ಳಗೆ ಬೆಣ್ಣೆ ಸವರಿ. ಆಮೇಲೆ ಹಿಟ್ಟಿನೊಳಗಿನ ಬೆಣ್ಣೆಯೇ ಸಾಕು. ಹೀಗೆಲ್ಲ ಮಾಡಿದರೂ ಮೊದಲನೆಯದು ಅಂಟಿಯೇ ಅಂಟುತ್ತದೆ. ಮೊದಲ ದೋಸೆ ಕಂಡವರಿಗೆ ಇದನ್ನು ವಿವರಿಸಬೇಕಿಲ್ಲ.

ಒಂದು ದೊಡ್ಡ ಚಮಚೆ ಹಿಟ್ಟನ್ನು ನಟ್ಟನಡುವೆ ಹಾಕಬೇಡಿ, ಕೀಲಿನ ಕಡೆಗೆ ಒಂದಿಷ್ಟು ಸರಿಸಿ ಹಾಕಿ. ಅಚ್ಚು ಕೀಲಿನ ಕಡೆಯಿಂದ ಮುಚ್ಚಿಕೊಳ್ಳುತ್ತ ಬರುವುದರಿಂದ ಹಿಟ್ಟನ್ನು ಮುಂದಕ್ಕೆ ತಳ್ಳುತ್ತದೆ. ನಡುವೆ ಹಾಕಿದರೆ ಹಿಡಿಯ ಪಕ್ಕದಲ್ಲಿ ಉಕ್ಕಿ ಒಲೆಗೆ ಇಳಿದು, ಬೆಣ್ಣೆ ಸುಟ್ಟ ಹೊಗೆ ಅಡುಗೆಮನೆ ತುಂಬಿ, ಚಾವಣಿಯ ಹೊಗೆ ಅಲಾರಾಂ ಊರಿಗೆಲ್ಲ ಡಂಗುರ ಸಾರುತ್ತದೆ. ಮುಚ್ಚಿದ ಮೇಲೆ ಜೋರಾಗಿ ಒತ್ತುವ ಚಪಲವನ್ನೂ ಬಿಡಿ. ಮೊದಲ ಕ್ಷಣದಲ್ಲಿ ಎದ್ದ ಆವಿ ಬದಿಯಿಂದ ಹಿಟ್ಟನ್ನೂ ಹೊತ್ತು ತರುತ್ತದೆ. ಮೆಲ್ಲಗೆ ಅದುಮಿ, ಒಂದು ಮಗ್ಗುಲು ಅರ್ಧ ನಿಮಿಷ, ತಿರುವಿ ಇನ್ನೊಂದು ಮಗ್ಗುಲು ಅಷ್ಟೇ ಹೊತ್ತು. ಆವಿ ನಿಂತಾಗ ತೆರೆದು ನೋಡಿ. ತಿಳಿ ಹೊನ್ನಿನ ಬಣ್ಣ ಬಂದಿದ್ದರೆ ಕೈ ಹಚ್ಚುವ ಹೊತ್ತು.

ಇಲ್ಲಿಂದ ಮುಂದೆ ಫೋನ್ ರಿಂಗಾದರೂ ಎತ್ತುವಂತಿಲ್ಲ. ಬಿಸಿಯಿರುವಾಗ ಬಿಲ್ಲೆಯೊಳಗಿನ ಸಕ್ಕರೆ ಮೆದು ಪಾಕ, ಬಟ್ಟೆಯಂತೆ ಮಡಿಯುತ್ತದೆ. ತಣ್ಣಗಾದೊಡನೆ ಅದೇ ಸಕ್ಕರೆ ಗಾಜು. ಇವೆರಡರ ನಡುವಿನ ಅಂತರ ಹತ್ತು ಸೆಕೆಂಡಿನ ಆಸುಪಾಸು, ಬಿಲ್ಲೆ ತೆಳುವಾದಷ್ಟೂ ಕಡಿಮೆ. ಮೊಂಡು ಚಾಕುವಿನಿಂದ ಎಬ್ಬಿಸಿ, ಮರದ ಶಂಕುವಿಗೆ ಸುತ್ತಿ, ಜೋಡಣೆಯ ಅಂಚು ಕೆಳಗೆ ಬರುವಂತೆ ಹಲಗೆಗೆ ಒತ್ತಿ ಹಿಡಿಯಬೇಕು. ಎಣಿಸಲು ತೊಡಗಿದರೆ ಏಳಕ್ಕೇ ಟಪ್ಪೆನ್ನುತ್ತದೆ. ತೀರಾ ಬಿಸಿಯಾಗಿದೆ ಎಂದು ಊದಿ ಆರಿಸಿದರೆ ಮುರಿಯುತ್ತದೆ, ಆರಿಸದೆ ಹಿಡಿದರೆ ಬೆರಳು ಸುಡುತ್ತದೆ. ಅತ್ತ ದರಿ, ಇತ್ತ ಪುಲಿ. ತೆಳು ಹತ್ತಿಯ ಕೈಗವಸು ಹಾಕಿಕೊಳ್ಳುವವರುಂಟು. ಬಿಲ್ಲೆ ಬಾಗುವ ಮೊದಲೇ ಬಿಗಿಯಿತೆಂದರೆ ಮತ್ತೆ ಅಚ್ಚಿನೊಳಗೆ ಐದು ಸೆಕೆಂಡು ಇಟ್ಟರೆ ಮೆದುವಾಗುತ್ತದೆ. ಈ ಉಪಾಯ ಒಂದೇ ಸಲ. ಎರಡನೆಯ ಸಲಕ್ಕೆ ಬಣ್ಣ ಕರಿಯತ್ತ ಹೊರಳಿರುತ್ತದೆ.

ಶಂಕುವಿಗೆ ಬಿಗಿಯಾಗಿ ಸುತ್ತುವುದು ಇನ್ನೊಂದು ಬಗೆಯ ಎಡವಟ್ಟು. ತಣ್ಣಗಾದ ಬಿಲ್ಲೆ ಮರವನ್ನು ಕಚ್ಚಿಕೊಂಡು, ಹೊರಗೆಳೆದರೆ ತುದಿ ಶಂಕುವಿನಲ್ಲೇ ಉಳಿಯುತ್ತದೆ. ತುದಿಯಿಲ್ಲದ ಶಂಕುವಿಗೆ ಕೆನೆ ತುಂಬಿದರೆ ಅದು ಎಲ್ಲಿ ಇಳಿಯುತ್ತದೆಂದು ಅತಿಥಿಯ ತೋಳಿಗೆ ಗೊತ್ತು. ಸಡಿಲವಾಗಿ ಸುತ್ತಿ, ಶಂಕು ಎರಡಿರಲಿ. ಒಂದರ ಮೇಲಿನದು ಆರುತ್ತಿರುವಾಗ ಇನ್ನೊಂದಕ್ಕೆ ಕೆಲಸ.

ಕರೆಂಟಿನ ಅಚ್ಚು ಕೊಳ್ಳುವವರಿಗೆ ಒಂದು ಮಾತು. ಅಂಗಡಿಯಾತ ಒಮ್ಮೆಗೆ ಎರಡು ಬೇಯಿಸುವ ಮಾದರಿ ತೋರಿಸಿ, ಅರ್ಧ ಹೊತ್ತಿನಲ್ಲಿ ಕೆಲಸ ಮುಗಿಯುತ್ತದೆ ಅನ್ನುತ್ತಾನೆ. ಬೇಯುವುದು ನಿಜಕ್ಕೂ ಅರ್ಧ ಹೊತ್ತೇ. ಸುತ್ತುವ ಕೈ ಮಾತ್ರ ಮೊದಲಿನಷ್ಟೇ. ಒಂದನ್ನು ಸುತ್ತುವಷ್ಟರಲ್ಲಿ ಪಕ್ಕದ್ದು ಅತಿಯಾಗಿ ಕೆಂಪಗಾಗಿರುತ್ತದೆ, ಅಥವಾ ಹಲಗೆಯ ಮೇಲೆ ಹಪ್ಪಳವಾಗಿ ಮಲಗಿರುತ್ತದೆ. ಮನೆಯಲ್ಲಿ ಜಗಳವಾಡದೆ ಜೊತೆಗೆ ನಿಲ್ಲುವ ಇನ್ನೊಬ್ಬರಿದ್ದರೆ ಮಾತ್ರ ಜೋಡಿ ಅಚ್ಚು ಕೊಳ್ಳಿ.

ಮೇಲಿನ ಅಳತೆಗೆ ಸುಮಾರು 40 ಆಗಬೇಕು. ಆಗಬೇಕು, ಅಷ್ಟೇ. ಬೇಯಿಸುವವರು ರುಚಿ ನೋಡಿದ್ದು, ಮಕ್ಕಳು ‘ಮುರಿದಿದೆ ತಗೊಳ್ಳಲಾ’ ಎಂದು ಕೇಳಿ ಕೇಳಿ ಮುರಿದದ್ದು ಈ ಲೆಕ್ಕದಲ್ಲಿಲ್ಲ. ಇದೇ ಲೆಕ್ಕ ಹಿಡಿದು 2011ರ ಡಿಸೆಂಬರ್ ನೋಡಿ. ಆ ಬೇಸಿಗೆಯ ಅತಿವೃಷ್ಟಿಗೆ ಮೇವು ಕೆಟ್ಟು ಹಾಲು ಇಳಿದಿತ್ತು, ಅನ್ನ ಬ್ರೆಡ್ಡು ಬಿಟ್ಟು ಕೊಬ್ಬು ತಿನ್ನುವ ಪಥ್ಯದ ಗೀಳು ಏರಿತ್ತು, ಆಮದಿಗೆ ಭಾರೀ ಸುಂಕ ಬೇರೆ. ಹಬ್ಬದ ಹೊಸ್ತಿಲಲ್ಲಿ ನಾರ್ವೆಯ ಅಂಗಡಿಗಳಲ್ಲಿ ಬೆಣ್ಣೆಯೇ ಇಲ್ಲ! ಸ್ವೀಡನ್ನಿನಿಂದ ಗಡಿ ದಾಟುತ್ತಿದ್ದ ಒಬ್ಬ ರಷ್ಯನ್ ಪ್ರಜೆಯ ಕಾರಿನಲ್ಲಿ 90 ಕಿಲೋ ಬೆಣ್ಣೆ ಸಿಕ್ಕಿಬಿತ್ತು. ನಮ್ಮ ಅಳತೆಯಲ್ಲಿ ಅದು 18,000 ಕ್ರುಮ್‌ಕಾಕೆ. ಸುಂಕದವರ ಮುಂದೆ ಸುಖದುಃಖ ಹೇಳಿಕೊಳ್ಳುವ ಅವಕಾಶ ಆತನಿಗಾದರೂ ಸಿಕ್ಕಿತು.

ಮಾಡಿಟ್ಟ ಮೇಲೂ ನೆಮ್ಮದಿಯಿಲ್ಲ. ಸಕ್ಕರೆ ಗಾಳಿಯ ತೇವ ಹೀರುತ್ತದೆ. ವರ್ಷಕ್ಕೆ 200ಕ್ಕೂ ಹೆಚ್ಚು ದಿನ ಮಳೆ ಸುರಿಯುವ ಬರ್ಗೆನ್‌ನಂಥ ಊರಲ್ಲಿ ತೆರೆದಿಟ್ಟ ಬಿಲ್ಲೆ ಒಂದೇ ದಿನಕ್ಕೆ ರೊಟ್ಟಿ. ಪೂರ್ತಿ ಆರಿದ ಮೇಲೆ ಬಿಗಿ ಮುಚ್ಚಳದ ತಗಡಿನ ಡಬ್ಬಿಗೆ ಹಾಕಿ. ಬೆಚ್ಚಗಿರುವಾಗಲೇ ತುಂಬಿದರೆ ಅದರ ಆವಿಯೇ ಅದಕ್ಕೆ ಶತ್ರು. ಮೆತ್ತಗಾದವನ್ನು 150 ಡಿಗ್ರಿ ಓವನ್ನಿನಲ್ಲಿ ಎರಡು ಮೂರು ನಿಮಿಷ ಕಾಯಿಸಿದರೆ ಗರಿಗರಿ ಮರಳುತ್ತದೆ. ಆದರೆ ಕಾದ ಸಕ್ಕರೆ ಮತ್ತೆ ಮೆದುವಾಗುವುದರಿಂದ, ಜೋಡಣೆ ಕೆಳಗಿಲ್ಲದಿದ್ದರೆ ಸುರುಳಿಯೆಲ್ಲ ಬಿಚ್ಚಿಕೊಂಡು ಚಪ್ಪಟೆಯಾಗಿ ನಿಮ್ಮನ್ನೇ ನೋಡುತ್ತಿರುತ್ತದೆ. ಮತ್ತೆ ಸುತ್ತಲು ನಿಮಗಿರುವುದು ಅದೇ ಹತ್ತು ಸೆಕೆಂಡು.

ಒಳಗೆ ತುಂಬಲು ಮುಲ್ಟೆಕ್ರೆಮ್ ಸೊಗಸು. ಕಡೆದ ಕೆನೆಗೆ ಜೌಗುನೆಲದಲ್ಲಿ ಬೆಳೆಯುವ ಕಿತ್ತಳೆ ಬಣ್ಣದ ಮುಲ್ಟೆ ಹಣ್ಣು ಬೆರೆಸಿದ್ದು. ತುಂಬುವುದು ತಿನ್ನುವವರು ಕುರ್ಚಿಯಲ್ಲಿ ಕೂತ ಮೇಲೆಯೇ. ಮೊದಲೇ ತುಂಬಿ ಫ್ರಿಜ್ಜಿನಲ್ಲಿಟ್ಟರೆ ಗರಿಗರಿಯೆಲ್ಲ ಕೆನೆ ಕುಡಿದು ತೊಪ್ಪೆ.

ಮುರಿದ ತುಂಡುಗಳನ್ನು ಎಸೆಯಬೇಡಿ. ನಾರ್ವೆಯಲ್ಲಿ ‘ಮುಸುಕು ಹಾಕಿದ ಹಳ್ಳಿ ಹುಡುಗಿಯರು’ ಎಂದೇ ಹೆಸರಿರುವ ಒಂದು ಸಿಹಿಯಿದೆ. ಗಾಜಿನ ಲೋಟದಲ್ಲಿ ಬೇಯಿಸಿ ಮಸೆದ ಸೇಬು, ಕಡೆದ ಕೆನೆ, ಸಕ್ಕರೆ ಬೆಣ್ಣೆಯಲ್ಲಿ ಹುರಿದ ಬ್ರೆಡ್ ಪುಡಿ ಪದರ ಪದರವಾಗಿ. ಬ್ರೆಡ್ ಪುಡಿಯ ಜಾಗಕ್ಕೆ ಕ್ರುಮ್‌ಕಾಕೆಯ ಚೂರು ಹಾಕಿದರೆ ಹುರಿಯುವ ಕೆಲಸವೂ ಉಳಿಯಿತು. ಸೇಬು ಪೂರ್ತಿ ಆರಿರಲಿ, ಸೇಬಿನ ಮೇಲೆ ಕೆನೆ, ಕೆನೆಯ ಮೇಲೆ ಚೂರು, ಅದೂ ಬಡಿಸುವ ಮುಂಚೆ ಮಾತ್ರ. ಬೇಕೆಂದೇ ಮುರಿದದ್ದು ಎಂದು ಅತಿಥಿಗಳು ನಂಬಬೇಕಾದರೆ ಚೂರುಗಳು ಎಲ್ಲ ಒಂದೇ ಗಾತ್ರಕ್ಕಿರಲಿ.