ಖುಲಾಸೆ ಆದರೆ ಹೈಕೋರ್ಟ್ ಸಾಕ್ಷಿ ನೋಡುವಂತಿಲ್ಲವೇ?

‘ಕೆಳಗಿನ ಕೋರ್ಟ್ ಖುಲಾಸೆ ಮಾಡಿದ ಮೇಲೆ ಹೈಕೋರ್ಟ್ ಸಾಕ್ಷಿಗಳನ್ನು ಮುಟ್ಟುವ ಹಾಗಿಲ್ಲ, ಕಾನೂನಿನ ತಪ್ಪು ಮಾತ್ರ ನೋಡಬೇಕು’ ಅಂತ ಒಂದು ಮಾತು ಹರಿದಾಡುತ್ತಿದೆ. ಇದು ತಪ್ಪು. ಚಂದ್ರಪ್ಪ ವಿರುದ್ಧ ಕರ್ನಾಟಕ ರಾಜ್ಯ ಪ್ರಕರಣದಲ್ಲಿ 2007ರಲ್ಲೇ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ: ಮೇಲ್ಮನವಿ ಕೋರ್ಟ್ ಇಡೀ ಸಾಕ್ಷ್ಯವನ್ನು ಮತ್ತೆ ಓದಬಹುದು, ತೂಗಬಹುದು, ತನ್ನದೇ ತೀರ್ಮಾನಕ್ಕೂ ಬರಬಹುದು.

ಹಾಗಂತ ಖುಲಾಸೆಯನ್ನು ಸುಮ್ನೆ ತಿರುಗಿಸಿಬಿಡುವುದಕ್ಕೂ ಆಗಲ್ಲ. ಕತ್ತಲಲ್ಲಿ ದೂರದಿಂದ ಆರೋಪಿಯನ್ನು ಗುರುತಿಸಿದೆ ಅಂದವನ ಮಾತನ್ನು ಕೆಳಗಿನ ಕೋರ್ಟ್ ನಂಬಲಿಲ್ಲ ಅಂದುಕೊಳ್ಳಿ. ನಂಬುವುದಕ್ಕೂ ಬಿಡುವುದಕ್ಕೂ ಎರಡಕ್ಕೂ ಕಾರಣ ಇದ್ದರೆ, ಹೈಕೋರ್ಟಿಗೆ ನಂಬಬೇಕು ಅನ್ನಿಸಿದರೂ ಖುಲಾಸೆ ಹಾಗೇ ನಿಲ್ಲಬೇಕು. ಖುಲಾಸೆಯಾದವನ ನಿರಪರಾಧಿ ಎಂಬ ಸ್ಥಾನ ಇನ್ನಷ್ಟು ಗಟ್ಟಿಯಾಗಿರುತ್ತದೆ, ಅಲ್ವಾ? ಆದರೆ ಕೆಳಗಿನ ಕೋರ್ಟ್ ಮುಖ್ಯ ಸಾಕ್ಷ್ಯವನ್ನೇ ನೋಡದೆ ಬಿಟ್ಟಿದ್ದರೆ ಕಥೆ ಬೇರೆ, ಆಗ ಶಿಕ್ಷೆ ಆಗಬಹುದು.