ವ್ಯಾಪಾರ ಮಾಡುವ ಸ್ಥಳ

ಅರ್ಜಿಯಲ್ಲಿ ಒಂದು ಕಾಲಂ ಇದೆ: ವ್ಯಾಪಾರ ಮಾಡುವ ಸ್ಥಳ. ಹೆಸರು, ಗಂಡನ ಹೆಸರು, ಆಧಾರ್ ನಂಬರು ಎಲ್ಲ ಸರಸರ ಮುಗಿಯುತ್ತದೆ. ಇಲ್ಲಿಗೆ ಬಂದಾಗ ಕೈ ನಿಲ್ಲುತ್ತದೆ.

"ಎಲ್ಲಿ ಕೂರ್ತೀರಕ್ಕ?"

"ಮೊದ್ಲು ಬೇವಿನ ಮರದ ಕೆಳಗೆ ಕೂರ್ತಿದ್ದೆ ಕಣವ್ವ. ಮರ ಕಡುದ್ಬುಟ್ರು. ಆಮೇಲೆ ಮೋರಿ ಪಕ್ಕ. ಅಲ್ಲಿಂದ್ಲೂ ಎಬ್ಬುಸುದ್ರು. ಈಗ ಎಲ್ಲಿ ಬುಟ್ರೆ ಅಲ್ಲಿ."

ಇದನ್ನು ಹೇಗೆ ಟೈಪ್ ಮಾಡೋದು ಹೇಳಿ.

ಹಾಸನದ ಕಟ್ಟಿನಕೆರೆ ಮಾರುಕಟ್ಟೆ ಕಡೆ ನನ್ನದೊಂದು ಸಣ್ಣ ಜೆರಾಕ್ಸ್ ಅಂಗಡಿ. ಬೋರ್ಡಿನಲ್ಲಿ ಜೆರಾಕ್ಸ್ ಅಂತಿದೆ, ಅರ್ಧ ದುಡಿಮೆ ಆನ್‌ಲೈನ್ ಅರ್ಜಿಯದ್ದು. 2020ರಲ್ಲಿ ಲಾಕ್‌ಡೌನ್ ನಡುವೆ ಬೀದಿ ವ್ಯಾಪಾರಿಗಳಿಗೆ ಪಿಎಂ ಸ್ವನಿಧಿ ಸಾಲ ಶುರುವಾಯಿತಲ್ಲ, ಆವಾಗಿನಿಂದ ಸೊಪ್ಪಿನವರು, ಹೂವಿನವರು, ಸೌತೆಕಾಯಿ ಮಾರುವವರು ನನ್ನ ಅಂಗಡಿಗೆ ಬರುತ್ತಿದ್ದಾರೆ. ಮೊದಲು 10,000, ಅದನ್ನು ತೀರಿಸಿದರೆ 20,000, ಅದನ್ನೂ ತೀರಿಸಿದರೆ 50,000. 2025ರಲ್ಲಿ ಮೊದಲ ಎರಡನ್ನು 15,000 ಮತ್ತು 25,000ಕ್ಕೆ ಏರಿಸಿದರು. ಅದಕ್ಕೂ ಮುಂಚೆ, 2018ರಲ್ಲಿ, ನಮ್ಮ ರಾಜ್ಯದ್ದೇ ಬಡವರ ಬಂಧು ಇತ್ತು. ಸಹಕಾರಿ ಬ್ಯಾಂಕಿನಿಂದ 10,000ದವರೆಗೆ ಬಡ್ಡಿಯಿಲ್ಲದ ಸಾಲ.

ಬೇಡ ಅಂತ ನಾನು ಹೇಳುತ್ತಿಲ್ಲ. ಬೆಳಿಗ್ಗೆ 900 ಕೊಟ್ಟು ಸಂಜೆ 1,000 ಕೇಳುವ ಮೀಟರ್ ಬಡ್ಡಿಯವರ ಕೈಯಿಂದ ಒಬ್ಬಳು ತಪ್ಪಿಸಿಕೊಂಡರೂ ಅದು ಪುಣ್ಯದ ಕೆಲಸವೇ. ನನ್ನ ತಕರಾರು ಬೇರೆ. ಸಾಲ ಕೊಡಲು ಎಲ್ಲರೂ ತಯಾರು. ಕೂರೋಕೆ ಮೂರಡಿ ಜಾಗ ಕೇಳಿದರೆ ಒಬ್ಬರೂ ಸಿಗುವುದಿಲ್ಲ. ಜಾಗ ಇಲ್ಲದೆ ಆ 15,000ಕ್ಕೆ ಸೊಪ್ಪು ತಂದು ಎಲ್ಲಿ ಹರಡಬೇಕು?

ಜಾಗವೇ ಇವರ ಬಂಡವಾಳ. ಇದು ನನಗೂ ನಿಧಾನಕ್ಕೆ ಅರ್ಥವಾದದ್ದು. ನಾನು ಓದಿದ್ದು ಬಿ.ಕಾಂ. ಅಲ್ಲಿ ಬಂಡವಾಳ ಅಂದರೆ ದುಡ್ಡು, ಯಂತ್ರ, ಕಟ್ಟಡ. ಸೊಪ್ಪಿನಕ್ಕನ ಬಂಡವಾಳ ಅಂದರೆ, ಆಫೀಸ್ ಬಿಟ್ಟು ಬಸ್‌ಸ್ಟ್ಯಾಂಡ್ ಕಡೆ ನಡೆಯುವ ಟೀಚರಮ್ಮ ಆ ತಿರುವಿನಲ್ಲಿ ತಲೆ ತಿರುಗಿಸದೆಯೇ "ಎರಡು ಕಟ್ಟು ಸಬ್ಬಸಿಗೆ ಇಟ್ಟಿರಿ" ಅನ್ನುವುದು. ಹತ್ತು ವರ್ಷ ಒಂದೇ ಕಡೆ ಕೂತು ಸಂಪಾದಿಸಿದ ಗಿರಾಕಿ ಅದು. ಅವಳನ್ನು ಇನ್ನೂರು ಹೆಜ್ಜೆ ಆಚೆಗೆ, ಯಾವುದೋ ಕಟ್ಟಡದ ಹಿಂದಕ್ಕೆ ಕಳಿಸಿ ನೋಡಿ. ಟೀಚರಮ್ಮ ಹುಡುಕಿಕೊಂಡು ಹೋಗುವುದಿಲ್ಲ. ಬಸ್ಸಿಗೆ ಟೈಮಾಗಿರುತ್ತದೆ. ದಾರಿಯಲ್ಲಿ ಯಾವುದು ಸಿಕ್ಕಿತೋ ಅದನ್ನು ತೆಗೆದುಕೊಂಡು ಹೋಗುತ್ತಾಳೆ.

ಸೊಪ್ಪಿಗೆ ಇನ್ನೊಂದು ಕಷ್ಟ ಇದೆ. ಅದಕ್ಕೆ ಸಂಜೆಯವರೆಗೆ ಮಾತ್ರ ಆಯಸ್ಸು. ಬೆಳಗಿನ ಜಾವ ನಾಲ್ಕಕ್ಕೆ ಹೋಲ್‌ಸೇಲಿನಲ್ಲಿ ಕೊಂಡ ಕೊತ್ತಂಬರಿಗೆ ಹನ್ನೊಂದರ ಹೊತ್ತಿಗೆ ನೀರು ಚಿಮುಕಿಸಬೇಕು, ಮೂರಕ್ಕೆ ಇನ್ನೊಂದು ಸಲ. ಆರಕ್ಕೆ ರೇಟು ಇಳಿಸಬೇಕು, ಏಳರ ಮೇಲೆ ಕೇಳಿದಷ್ಟಕ್ಕೆ ಕೊಡಬೇಕು. ಆ ನಡುವೆ "ಎತ್ರೀ, ಎತ್ರೀ" ಅಂತ ಒಂದು ಗಾಡಿ ಬಂದು ಎರಡು ಗಂಟೆ ಹೋದರೆ ಅವತ್ತಿನ ಲಾಭ ಹೋಯಿತು. ನಮ್ಮ ಎದುರಿನ ಮೊಬೈಲ್ ಅಂಗಡಿಯವನು ಒಂದು ದಿನ ಬಾಗಿಲು ಹಾಕಿದರೆ ಮಾರನೇ ದಿನವೂ ಮೊಬೈಲು ಮೊಬೈಲಾಗಿಯೇ ಇರುತ್ತದೆ.

ಅವರೆಕಾಯಿ ಕಾಲದಲ್ಲಿ ಇನ್ನೊಂದು ಲೆಕ್ಕ ಕಾಣುತ್ತದೆ. ಡಿಸೆಂಬರ್, ಜನವರಿಯಲ್ಲಿ ನಮ್ಮ ಕಡೆ ಎಲ್ಲಿ ನೋಡಿದರೂ ಹಿತಕಿದ ಬೇಳೆ. ಮನೆಯಲ್ಲಿ ಹಿತಕಿದವರಿಗೆ ಗೊತ್ತು ಅದರ ಕಷ್ಟ. ಕಾಯಿ ಸುಲಿಯಬೇಕು, ಕಾಳು ನೆನೆಸಬೇಕು, ಒಂದೊಂದೇ ಕಾಳನ್ನು ಎರಡು ಬೆರಳಲ್ಲಿ ಒತ್ತಬೇಕು. ಒಂದು ಸಾರಿಗೆ ಆಗುವಷ್ಟು ಹಿತಕುವಷ್ಟರಲ್ಲಿ ಉಗುರಿನ ಸಂದು ಉರಿಯುತ್ತದೆ. ಮಾರುವ ಮನೆಗಳಲ್ಲಿ ರಾತ್ರಿ ಟಿವಿ ಮುಂದೆ ಅತ್ತೆ, ಸೊಸೆ, ಮೊಮ್ಮಗಳು ಎಲ್ಲ ಕೂತು ಹಿತಕುತ್ತಾರೆ. ಬೆಳಿಗ್ಗೆ ಅದನ್ನು ನಾವು ಕವರಿನಲ್ಲಿ ನೋಡುತ್ತೇವೆ. "ಇಷ್ಟಕ್ಕೆ ಇಷ್ಟೊಂದಾ?" ಅನ್ನುತ್ತೇವೆ. ಕಾಯಿಯ ಬೆಲೆ ಅವಳು ಕೇಳುವ ದುಡ್ಡಲ್ಲಿ ಇದೆ. ಮೂರು ಜನರ ರಾತ್ರಿಯ ಕೂಲಿ ಇಲ್ಲ. ಅವಳನ್ನೇ ಕೇಳಿದರೂ "ಅದೇನ್ ಮಹಾ ಕೆಲ್ಸ, ಮಾತಾಡ್ತಾ ಆಗೋಯ್ತದೆ" ಅಂತಾಳೆ. ನನಗೆ ಸಿಟ್ಟು ಬರುವುದು ಈ ಮಾತಿಗೆ.

ಹಾಗಾದರೆ ಕಾನೂನು ಇಲ್ವಾ? ಇದೆ, ಚೆನ್ನಾಗಿಯೇ ಇದೆ. ಬೀದಿ ಬದಿ ವ್ಯಾಪಾರಿಗಳ ಕಾಯ್ದೆ, 2014. ಒಮ್ಮೆ ಮಧ್ಯಾಹ್ನ ಗಿರಾಕಿ ಇಲ್ಲದಾಗ ಪೂರ್ತಿ ಓದಿದೆ. ಐದು ವರ್ಷಕ್ಕೊಮ್ಮೆಯಾದರೂ ಬೀದಿ ವ್ಯಾಪಾರಿಗಳ ಸಮೀಕ್ಷೆ ಮಾಡಬೇಕು. ಸಮೀಕ್ಷೆ ಮುಗಿದು ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸಬಾರದು. ಎಬ್ಬಿಸಲೇಬೇಕು ಅಂದರೆ 30 ದಿನ ಮುಂಚೆ ನೋಟಿಸ್ ಕೊಡಬೇಕು. ಸಾಮಾನು ಜಪ್ತಿ ಮಾಡಿದರೆ ಪಟ್ಟಿ ಕೊಡಬೇಕು. ಸೊಪ್ಪು, ಹಣ್ಣಿನಂಥ ಕೆಡುವ ಮಾಲನ್ನು ಕೇಳಿದ ದಿನವೇ ವಾಪಸ್ ಕೊಡಬೇಕು. ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಕನಿಷ್ಠ ಶೇ. 40ರಷ್ಟು ಸದಸ್ಯರು ವ್ಯಾಪಾರಿಗಳೇ ಆಗಿರಬೇಕು, ಅವರಲ್ಲಿ ಮೂರರಲ್ಲಿ ಒಬ್ಬರು ಹೆಂಗಸರು. ಇದನ್ನು ನಾನು ಓದಿ ಹೇಳಿದಾಗ ಹೂವಿನಕ್ಕ ಮೊಳ ಅಳೆಯುವುದನ್ನು ನಿಲ್ಲಿಸಿ, "ಇದು ಯಾವೂರಲ್ಲವ್ವ?" ಅಂದಳು.

ಒಂದು ಸಲ ಅವಳ ತಕ್ಕಡಿ ತೆಗೆದುಕೊಂಡು ಹೋಗಿದ್ದರು. ಯಾರು, ಯಾವ ಇಲಾಖೆ ಅಂತ ಇಲ್ಲಿ ಬರೆಯುವುದಿಲ್ಲ. ಬಿಡಿಸಿಕೊಂಡು ಬರಲು ಮೂರು ದಿನ ಓಡಾಡಿದಳು. ಪಟ್ಟಿ ಕೇಳಬೇಕಿತ್ತು ಅಂದೆ. "ಪಟ್ಟಿ ಕೇಳುದ್ರೆ ಬುಟ್ಟಿನೂ ಹೋಯ್ತಿತ್ತು" ಅಂದಳು. ದಿನವೂ ನೆಲವಳಿ ಸುಂಕ ಮಾತ್ರ ತಪ್ಪದೆ ಕಟ್ಟುತ್ತಾಳೆ. ಅದರ ಚೀಟಿಗಳನ್ನು ಎಲೆಅಡಿಕೆ ಸಂಚಿಯಲ್ಲಿ ಮಡಚಿ ಇಟ್ಟುಕೊಂಡಿದ್ದಾಳೆ, ಯಾವತ್ತಾದರೂ ಕೆಲಸಕ್ಕೆ ಬರಬಹುದು ಅಂತ. ಸುಂಕ ತೆಗೆದುಕೊಳ್ಳುವಾಗ ಅವಳು ವ್ಯಾಪಾರಿ. ಎಬ್ಬಿಸುವಾಗ ಒತ್ತುವರಿ.

ಈಗ ಎದುರು ವಾದವನ್ನೂ ಹೇಳಬೇಕು. ಆ ವಾದ ಮಾಡಿದವಳು ನಾನೇ. ಮೂರು ವರ್ಷದ ಹಿಂದೆ ನನ್ನ ಅಂಗಡಿ ಮುಂದೆಯೇ ಒಬ್ಬಾಕೆ ಸೊಪ್ಪಿನ ಬುಟ್ಟಿ ಇಟ್ಟಳು. ನನಗೆ ಮೈಯೆಲ್ಲ ಉರಿದು ಹೋಯಿತು. ಬಾಡಿಗೆ ಕಟ್ಟುವವಳು ನಾನು, ಲೈಸೆನ್ಸ್ ನನ್ನದು, ಕರೆಂಟ್ ಬಿಲ್ ನನ್ನದು. ಮೆಟ್ಟಿಲ ಮುಂದೆ ದಂಟಿನ ಸೊಪ್ಪಿನ ಕಸ. ಫುಟ್‌ಪಾತ್ ಇರುವುದು ನಡೆಯೋಕೆ ಅಲ್ವಾ, ವಯಸ್ಸಾದವರು ರಸ್ತೆಗೆ ಇಳಿದು ಹೋಗಬೇಕಾ ಅಂತ ಜೋರಾಗಿಯೇ ಕೇಳಿದ್ದೆ. ಆ ಪ್ರಶ್ನೆ ಈಗಲೂ ಸರಿಯೇ. ಆದರೆ ಅದೇ ಫುಟ್‌ಪಾತಿನ ಮೇಲೆ ಸಾಲಾಗಿ ನಿಂತ ಬೈಕುಗಳಿಗೆ, ನನ್ನ ಸ್ಟ್ಯಾಂಡಿ ಬೋರ್ಡಿಗೆ ನಾನು ಯಾವತ್ತೂ ಏನೂ ಅಂದಿರಲಿಲ್ಲ. ಒಂದು ಬೈಕಿನ ಜಾಗದಲ್ಲಿ ಇಬ್ಬರು ಸೊಪ್ಪಿನವರು ಕೂರಬಹುದು. ಅಳೆದೇ ನೋಡಿದ್ದೇನೆ. ಆಮೇಲೆ ಇನ್ನೊಂದನ್ನೂ ಗಮನಿಸಿದೆ, ಹೇಳಲು ಸ್ವಲ್ಪ ನಾಚಿಕೆ. ಸೊಪ್ಪಿಗೆ ನಿಂತವರು "ಅಯ್ಯೋ, ಆಧಾರ್ ಜೆರಾಕ್ಸ್ ಬೇಕಿತ್ತು" ಅಂತ ಒಳಗೆ ಬರೋಕೆ ಶುರು ಮಾಡಿದರು.

ಇದಕ್ಕೆಲ್ಲ ಪುಸ್ತಕದಲ್ಲಿ ಅಸಂಘಟಿತ ವಲಯ ಅಂತ ಹೆಸರು. ಅನೌಪಚಾರಿಕ ಅಂತಲೂ ಬರೆಯುತ್ತಾರೆ. ಈ ಪದ ಹುಟ್ಟಿದ್ದು ಆಫ್ರಿಕಾದ ಬೀದಿಗಳನ್ನು ನೋಡಿ. ಕೀತ್ ಹಾರ್ಟ್ ಅನ್ನುವವರು ಘಾನಾದ ಅಕ್ರಾ ಊರಲ್ಲಿ ಬಡವರು ಹೇಗೆ ಸಂಪಾದಿಸುತ್ತಾರೆ ಅಂತ ಅಧ್ಯಯನ ಮಾಡಿ 1971ರಲ್ಲಿ ಈ ಮಾತು ಬಳಸಿದರು. ಮರುವರ್ಷ ಕೀನ್ಯಾ ಬಗ್ಗೆ ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ ಕೊಟ್ಟ ವರದಿಯಿಂದ ಅದು ಎಲ್ಲ ಕಡೆ ಹರಡಿತು. ಅದೇ ಅಕ್ರಾದಲ್ಲಿ ಮಕೋಲಾ ಅಂತ ಹೆಂಗಸರೇ ನಡೆಸುವ ದೊಡ್ಡ ಮಾರುಕಟ್ಟೆ. 1979ರಲ್ಲಿ ಬೆಲೆ ಏರಿಕೆಗೆ ಈ ಹೆಂಗಸರೇ ಕಾರಣ, ಮಾಲು ಬಚ್ಚಿಡುತ್ತಾರೆ ಅಂತ ಸೈನಿಕರು ಬಂದು ಮಕೋಲಾದ ಮುಖ್ಯ ಮಾರುಕಟ್ಟೆಯನ್ನು ಕೆಡವಿದರು. ಆ ಜಾಗ ವಾಹನ ನಿಲ್ಲಿಸುವ ತಾಣವಾಯಿತು. ನೋಡಿ, ಅಲ್ಲೂ ಪಾರ್ಕಿಂಗೇ! ಆದರೂ ಅಕ್ರಾದಲ್ಲಿ ಮಕೋಲಾ ಇವತ್ತಿಗೂ ಇದೆ, ಹೆಂಗಸರೂ ಇದ್ದಾರೆ.

ಅಷ್ಟು ದೂರ ಯಾಕೆ, ಮಣಿಪುರದ ಇಂಫಾಲದಲ್ಲಿರುವ ಇಮಾ ಕೈಥೆಲ್ ನೋಡಿ. ಅಮ್ಮಂದಿರ ಮಾರುಕಟ್ಟೆ ಅಂತ ಅರ್ಥ. ಸಾವಿರಾರು ಹೆಂಗಸರು ಕೂರುತ್ತಾರೆ, ಗಂಡಸರಿಗೆ ಮಾರಲು ಜಾಗವಿಲ್ಲ. ಅಕ್ಕಿಯನ್ನು ಹೊರಗೆ ಸಾಗಿಸಬೇಡಿ ಅಂತ 1939ರಲ್ಲಿ ಬೀದಿಗಿಳಿದವರಲ್ಲಿ ಈ ಮಾರುಕಟ್ಟೆಯ ಹೆಂಗಸರೇ ಮುಂದಿದ್ದರು. ಅಲ್ಲಿ ಕೂರುವ ಜಾಗ ಅಮ್ಮನಿಂದ ಮಗಳಿಗೋ ಸೊಸೆಗೋ ಬರುತ್ತದೆ. ನನಗೆ ಹೊಟ್ಟೆಕಿಚ್ಚಾಗುವುದು ಅದಕ್ಕೇ. ನಮ್ಮ ಸೊಪ್ಪಿನಕ್ಕ ಸೊಸೆಗೆ ಏನು ಕೊಡುತ್ತಾಳೆ? ಬುಟ್ಟಿ, ತಕ್ಕಡಿ.

ದುಡ್ಡಿನ ವಿಷಯ ಬೇಗ ಹೇಳಿ ಮುಗಿಸುತ್ತೇನೆ. ಎಲ್ಲರ ಮುಂದೆಯೂ ಈಗ ಕ್ಯೂಆರ್ ಕೋಡ್ ಇದೆ. ಅದರ ಹಿಂದಿರುವ ಖಾತೆ ಬಹಳ ಸಲ ಮಗನದ್ದು. ನೋಟು ಕೊಟ್ಟರೆ ಸಂಚಿಗೆ ಹೋಗುತ್ತಿತ್ತು, ಸಂಜೆ ಅವಳೇ ಎಣಿಸುತ್ತಿದ್ದಳು. ಈಗ ಪೆಟ್ಟಿಗೆ "ಇಪ್ಪತ್ತು ರೂಪಾಯಿ" ಅಂತ ಕೂಗುತ್ತದೆ, ದುಡ್ಡು ಎಲ್ಲೋ ಇರುವ ಮಗನ ಫೋನಿಗೆ ಹೋಗುತ್ತದೆ. ನೋಟು ಎಷ್ಟು ಬಂತು ಅಂತ ಅವಳಿಗೆ ಗೊತ್ತು. ಪೆಟ್ಟಿಗೆ ಎಷ್ಟು ಸಲ ಕೂಗಿತು ಅಂತ ಯಾರು ಎಣಿಸುತ್ತಾರೆ? 2025ರ ಜುಲೈನಲ್ಲಿ ಯುಪಿಐ ಲೆಕ್ಕ ಹಿಡಿದು ಸಣ್ಣ ವ್ಯಾಪಾರಿಗಳಿಗೆ ಜಿಎಸ್‌ಟಿ ನೋಟಿಸ್ ಬಂದಾಗ ಇವರೂ ಹೆದರಿದ್ದರು. ಹಸಿ ತರಕಾರಿಗೆ ಜಿಎಸ್‌ಟಿಯೇ ಇಲ್ಲ, ನೀವು ಹೆದರಬೇಡಿ ಅಂತ ಹೇಳಿ ಹೇಳಿ ನನಗೆ ಸಾಕಾಯಿತು.

ಇನ್ನೊಂದು ವಿಷಯ ಯಾವ ಅರ್ಜಿಯಲ್ಲೂ ಇಲ್ಲ. ಬೆಳಿಗ್ಗೆ ಆರರಿಂದ ರಾತ್ರಿ ಎಂಟರವರೆಗೆ ಕೂರುವ ಹೆಂಗಸು ಎಲ್ಲಿಗೆ ಹೋಗಬೇಕು? ಸೊಪ್ಪಿಗೆ ಅಷ್ಟು ನೀರು ಚಿಮುಕಿಸುವವಳು ತಾನು ಮಧ್ಯಾಹ್ನದವರೆಗೆ ಒಂದು ಲೋಟವೂ ಕುಡಿಯುವುದಿಲ್ಲ. ಬುಟ್ಟಿ ಯಾರಿಗೆ ಒಪ್ಪಿಸಿ ಹೋಗೋದು ಅನ್ನುವುದು ಒಂದು, ಹೋದರೂ ಬಾಗಿಲಿಗೆ ಚಿಲಕ ಇರಲ್ಲ ಅನ್ನುವುದು ಇನ್ನೊಂದು. ಉರಿಮೂತ್ರದ ಮಾತ್ರೆ ಚೀಟಿ ಜೆರಾಕ್ಸ್ ಮಾಡಿಸೋಕೆ ಎಷ್ಟು ಜನ ಬರುತ್ತಾರೆ ಅಂತ ನನಗೆ ಗೊತ್ತು. ಹೂವಿನಕ್ಕ, ಸೊಪ್ಪಿನಕ್ಕ ಇಬ್ಬರೂ ಈಗ ನಮ್ಮ ಕಾಂಪ್ಲೆಕ್ಸ್ ಹಿಂದಿನ ಟಾಯ್ಲೆಟ್ ಬೀಗದ ಕೈ ನನ್ನ ಹತ್ತಿರ ಇಸಿದುಕೊಂಡು ಹೋಗುತ್ತಾರೆ. ಓನರ್‌ಗೆ ಗೊತ್ತಿಲ್ಲ. ಈ ಪೋಸ್ಟ್ ಅವರು ಓದದಿದ್ದರೆ ಸಾಕು.

ಮೊನ್ನೆ ಆ ಬೇವಿನ ಮರದ ಅಕ್ಕ ಎರಡನೇ ಸಾಲಕ್ಕೆ ಬಂದಳು. ಮೊದಲನೆಯದನ್ನು ಒಂದು ಕಂತೂ ತಪ್ಪಿಸದೆ ಕಟ್ಟಿದ್ದಾಳೆ. ಮತ್ತೆ ಅದೇ ಕಾಲಂ. ನಾನು ಕೀಬೋರ್ಡಿನ ಮೇಲೆ ಕೈ ಇಟ್ಟು ಅವಳ ಮುಖ ನೋಡಿದೆ. ಅವಳು ಹೊರಗೆ ಮೆಟ್ಟಿಲ ಕಡೆ ನೋಡಿದಳು. ಮೂರು ವರ್ಷದ ಹಿಂದೆ ನಾನು ಜಗಳ ಆಡಿದ್ದು ಇವಳ ಜೊತೆಯೇ.

"ನಿನ್ನಂಗ್ಡಿ ಮುಂದೆ ಅಂತ ಬರ್ದ್ಬುಡವ್ವ."

ಬರೆದೆ. ಅಂಗಡಿ ಹೆಸರು, ರಸ್ತೆ ಹೆಸರು ಎಲ್ಲ ಹಾಕಿ ಬರೆದೆ. ಒಟಿಪಿ ಮಗನ ಫೋನಿಗೆ ಹೋಯಿತು. ಮಗ ಫೋನ್ ಎತ್ತಲಿಲ್ಲ. ಅವಳು ಮೆಟ್ಟಿಲ ಮೇಲೆ ಕೂತು ಮೆಂತ್ಯದ ಬೇರು ಕತ್ತರಿಸುತ್ತಾ ಕಾದಳು, ನಾನು ಒಳಗೆ ಕಾದೆ.