ಪ್ರಶ್ನೆಯ ಬಾಯಿ ಮುಚ್ಚಿಸುವ ಉತ್ತರ

ನಿನ್ನೆ ನಮ್ಮೂರಿನ ವಿಜ್ಞಾನ ಉಪನ್ಯಾಸವೊಂದರಲ್ಲಿ ಹೈಸ್ಕೂಲು ಹುಡುಗಿಯೊಬ್ಬಳು ಎದ್ದು ನಿಂತು, "ಸರ್, ಜೀವ ಹುಟ್ಟುವುದಕ್ಕೆ ಬೇಕಾದದ್ದೆಲ್ಲ ಈ ವಿಶ್ವದಲ್ಲಿ ಹೇಗೆ ಒದಗಿ ಬಂತು?" ಎಂದು ಕೇಳಿದಳು. "ಒದಗಿ ಬರದಿದ್ದರೆ ಕೇಳುವುದಕ್ಕೆ ನೀನೇ ಇರುತ್ತಿರಲಿಲ್ಲವಲ್ಲಮ್ಮ" ಎಂದರು ಭಾಷಣಕಾರರು. ಸಭೆ ನಕ್ಕಿತು; ಹುಡುಗಿ ನೋಟ್‌ಬುಕ್ ಮಡಚಿ ಕುಳಿತಳು. ರಾತ್ರಿಯವರೆಗೂ ನನ್ನ ಸಿಟ್ಟು ಇಳಿಯಲಿಲ್ಲ.

ಅವಳಿಗೆ ಹೇಳಬಹುದಾದದ್ದು ಎಷ್ಟೊಂದಿತ್ತು! ಇಂಗಾಲವೊಂದನ್ನೇ ತೆಗೆದುಕೊಳ್ಳಿ. ಸುಮಾರು ಹತ್ತು ಕೋಟಿ ಡಿಗ್ರಿ ಕಾದ ನಕ್ಷತ್ರಗರ್ಭದಲ್ಲಿ ಎರಡು ಹೀಲಿಯಂ ನ್ಯೂಕ್ಲಿಯಸ್‌ಗಳು ಕೂಡಿ ಬೆರಿಲಿಯಂ-8 ಆಗುತ್ತದೆ. ಅದು ಸೆಕೆಂಡಿನ ಕೋಟಿ ಕೋಟಿಯ ಒಂದು ಭಾಗದಷ್ಟು ಹೊತ್ತೂ ಉಳಿಯದೆ ಒಡೆದುಹೋಗುತ್ತದೆ. ಅಷ್ಟರೊಳಗೆ ಮೂರನೆಯ ಹೀಲಿಯಂ ಬಂದು ಸೇರಿದರಷ್ಟೇ ಇಂಗಾಲ. ಹೀಗಾದರೆ ವಿಶ್ವದಲ್ಲಿ ಕಾಣುವಷ್ಟು ಇಂಗಾಲ ಹುಟ್ಟುವುದು ಸಾಧ್ಯವೇ ಇಲ್ಲವೆಂದು ಕಂಡ ಬ್ರಿಟನ್ನಿನ ಖಗೋಳವಿಜ್ಞಾನಿ ಫ್ರೆಡ್ ಹಾಯ್ಲ್, ಇಂಗಾಲದ ನ್ಯೂಕ್ಲಿಯಸ್‌ಗೆ 7.65 ಮಿಲಿಯನ್ ಎಲೆಕ್ಟ್ರಾನ್ ವೋಲ್ಟ್‌ಗಳ ಆಸುಪಾಸಿನಲ್ಲಿ ಒಂದು ಶಕ್ತಿಮಟ್ಟ, ಎಂದರೆ ನ್ಯೂಕ್ಲಿಯಸ್ ನಿಲ್ಲಬಲ್ಲ ಶಕ್ತಿಯ ಒಂದು ಮೆಟ್ಟಿಲು, ಇರಲೇಬೇಕೆಂದು 1953ರಲ್ಲಿ ಹಟ ಹಿಡಿದರು. ಬಂದು ಸೇರುವ ಕಣಗಳ ಶಕ್ತಿ ಅಂಥ ಮೆಟ್ಟಿಲಿಗೆ ಹೊಂದಿದರೆ ಅವು ಕೂಡುವುದು ಬಹಳ ಸುಲಭವಾಗುತ್ತದೆ. ಅಮೆರಿಕದ ಕ್ಯಾಲ್‌ಟೆಕ್ ವಿಜ್ಞಾನ ಸಂಸ್ಥೆಯ ಪ್ರಯೋಗಾಲಯದಲ್ಲಿ ವಾರ್ಡ್ ವೇಲಿಂಗ್ ಮತ್ತು ಸಂಗಡಿಗರು ಹುಡುಕಿದಾಗ ಅದು ಸಿಕ್ಕಿತು. ಇನ್ನೊಂದು ವಿಚಿತ್ರ: ಇಂಗಾಲಕ್ಕೆ ಮತ್ತೊಂದು ಹೀಲಿಯಂ ಸೇರಿ ಆಮ್ಲಜನಕವಾಗುವಾಗಿನ ಶಕ್ತಿ ಅದೇ ಮಾನದಲ್ಲಿ 7.16, ಆಮ್ಲಜನಕದ ಹತ್ತಿರದ ಮಟ್ಟ 7.12. ಆ ಮಟ್ಟ ಕೂದಲೆಳೆಯಷ್ಟು ಮೇಲಿದ್ದು ಎರಡೂ ಹೊಂದಿಕೊಂಡಿದ್ದರೆ ಹುಟ್ಟಿದ ಇಂಗಾಲದ ಬಹುಪಾಲು ಆಮ್ಲಜನಕವಾಗಿ ತೀರಿಹೋಗುತ್ತಿತ್ತು.

ಭಾಷಣಕಾರರ ಮಾತು ತರ್ಕಕ್ಕೆ ಸರಿಯಲ್ಲವೇ ಎಂದು ಕೆಲವರು ಕೇಳಬಹುದು. ಸರಿಯೇ. ಆದರೆ ನಾವು ಇದ್ದೇವೆ ಎನ್ನುವುದರಿಂದ ಆ ಮಟ್ಟ ಅಲ್ಲಿರಲೇಬೇಕು ಎಂದು ತಿಳಿಯುತ್ತದೆಯೇ ಹೊರತು, ಅದು ಅಲ್ಲಿಗೆ ಏಕೆ ಬಂತೆಂದು ತಿಳಿಯುವುದಿಲ್ಲ. ಹಾಯ್ಲ್ ಹೊರಟದ್ದು ಕೂಡ ಇಂಗಾಲದ ಪ್ರಮಾಣದಿಂದ. ಜೀವದ ಮಾತು ಅದಕ್ಕೆ ಅಂಟಿಕೊಂಡದ್ದು ಆಮೇಲೆ. "ಎಲ್ಲವೂ ಭಗವಂತನ ಸಂಕಲ್ಪ" ಎಂದು ಮುಗಿಸುವವರ ಮೇಲೂ ನನಗೆ ಇಷ್ಟೇ ಬೇಸರ. ನಾನು ದಿನವೂ ದೇವರಿಗೆ ದೀಪ ಹಚ್ಚುವ ಆಸ್ತಿಕ, ನಿಮಗೆಲ್ಲ ಗೊತ್ತು. ಆದರೂ ಮಗುವಿನ ಪ್ರಶ್ನೆಗೆ ಬೀಗ ಹಾಕಲು ದೇವರನ್ನು ಬಳಸುವುದು ನನಗೆ ಸಹ್ಯವಾಗುವುದಿಲ್ಲ.

ಆ ಬೀಗ ಒಪ್ಪದವರು ಲೆಕ್ಕ ಹಾಕಿದ್ದಾರೆ. ಇಂಗಾಲದ ಆ ಮಟ್ಟವನ್ನು 0.06 ಮಿಲಿಯನ್ ಎಲೆಕ್ಟ್ರಾನ್ ವೋಲ್ಟ್‌ನಷ್ಟು ಮೇಲಕ್ಕೆ ಸರಿಸಿದರೂ ನಕ್ಷತ್ರಗಳಲ್ಲಿ ಇಂಗಾಲದ ಹುಟ್ಟುವಳಿ ಹೆಚ್ಚೇನೂ ಬದಲಾಗದೆಂದು ಖಗೋಳವಿಜ್ಞಾನಿ ಮಾರಿಯೋ ಲಿವಿಯೋ ಮತ್ತು ಸಂಗಡಿಗರು 1989ರಲ್ಲಿ ತೋರಿಸಿದರು. ಅಂದರೆ ನಮ್ಮ ಅದೃಷ್ಟ ಎಷ್ಟು ಕಿರಿದಾದ ದಾರಿಯಲ್ಲಿ ಬಂತೆಂಬುದು ಅಳೆದು ನೋಡಬಹುದಾದ ಸಂಗತಿ. ಇದನ್ನು ಹೇಳಲು ಭಾಷಣಕಾರರಿಗೆ ಐದು ನಿಮಿಷ ಸಾಕಾಗುತ್ತಿತ್ತು, ಮತ್ತು ಅವರ ಬಳಿ ಸಮಯವೂ ಇತ್ತು.